ಬೂರುಗದ ಬುಡದ ಕೆಂಪು ತಿಗಣೆ

(ಠಾಣೆ ನಗರದ ಮಾಜಿವಾಡಾದಲ್ಲಿ ಕನ್ನಡ ಕುಟುಂಬಗಳ ಸಭೆಯಲ್ಲಿ ನೀಡಿದ ಉಪನ್ಯಾಸದ ಪಾಠ)



ಈ ಉಪನ್ಯಾಸಕ್ಕೆ ನನ್ನನ್ನು ಕರೆದ ಕಾರಣವನ್ನು ಮೊದಲೇ ಹೇಳಿಬಿಡುವುದು ಉಚಿತವೆಂದು ಭಾವಿಸುತ್ತೇನೆ. ನಮ್ಮ ಗೃಹಸಂಕೀರ್ಣದ ಹಿಂಬದಿಯ ಆವರಣಗೋಡೆಗೆ ಹೊಂದಿಕೊಂಡು ಒಂದು ಬೂರುಗದ ಮರವಿದೆ. ಮರಾಠಿಯಲ್ಲಿ ಅದನ್ನು ಕಾಟೇಸಾವರ ಎನ್ನುತ್ತಾರೆ. ಕಟ್ಟಡಗಳು ಏಳುವುದಕ್ಕೆ ಮೊದಲೇ ಅದು ಅಲ್ಲಿತ್ತು. ಏಪ್ರಿಲ್ ತಿಂಗಳು ಬಂತೆಂದರೆ ಅದರ ಬುಡದ ನೆಲ ಕೆಂಪಾಗುತ್ತದೆ. ಆ ಕೆಂಪು ಚಲಿಸುತ್ತದೆ. ಸಾವಿರಾರು ಕೆಂಪು ಹುಳುಗಳು ಗೋಡೆ ಹತ್ತಿ, ಮೆಟ್ಟಿಲು ಹತ್ತಿ, ಈ ವರ್ಷ ಮೂರನೆಯ ಮಹಡಿಯ ಅಡುಗೆಮನೆಯನ್ನೂ ಪ್ರವೇಶಿಸಿವೆ. ಸಮಿತಿಯ ಮುಂದೆ ಈಗ ಎರಡು ಸಲಹೆಗಳಿವೆ. ಒಂದು, ಗುತ್ತಿಗೆದಾರನೊಬ್ಬನನ್ನು ಕರೆಸಿ ಆವರಣಕ್ಕೆಲ್ಲ ಕೀಟನಾಶಕ ಸಿಂಪಡಿಸುವುದು. ಎರಡು, ಮರವನ್ನೇ ಕಡಿಸುವುದು. ನಿರ್ಣಯ ಮುಂದಿನ ಭಾನುವಾರ. ಅದಕ್ಕೆ ಮುನ್ನ, ಪ್ರಾಣಿಶಾಸ್ತ್ರ ಕಲಿಸಿ ನಿವೃತ್ತನಾದ ಮೇಷ್ಟ್ರು ಒಬ್ಬರು ಇಲ್ಲೇ ಇದ್ದಾರಲ್ಲ, ಅವರೇನು ಹೇಳುತ್ತಾರೋ ಕೇಳೋಣ ಎಂದು ತಾವು ಔದಾರ್ಯ ತೋರಿದ್ದೀರಿ. ನಾನು ಮರದ ಪರ ವಕಾಲತ್ತು ವಹಿಸಲು ಬಂದವನು ಎಂದು ಯಾರಾದರೂ ಶಂಕಿಸಿದ್ದರೆ ಅದು ಪೂರ್ತಿ ಸುಳ್ಳಲ್ಲ. ಆದರೆ ಮೊದಲು ಹುಳುವಿನ ಪರಿಚಯವಾಗಲಿ.

ಇದರ ಹೆಸರೇ ಇದಕ್ಕೆ ಮೊದಲ ಶತ್ರು. ಕನ್ನಡದಲ್ಲಿ ಇದನ್ನು ಹತ್ತಿಯ ಕೆಂಪು ತಿಗಣೆ ಎನ್ನುತ್ತಾರೆ. ಮರಾಠಿ ರೈತರು ಲಾಲ್ ಢೇಕಣ್ಯಾ ಎನ್ನುತ್ತಾರೆ. ತಿಗಣೆ ಎಂದೊಡನೆ, ಢೇಕೂಣ ಎಂದೊಡನೆ, ಹಾಸಿಗೆಯೂ ಮಂಚದ ಸಂದಿಯೂ ಕಣ್ಣಿಗೆ ಕಟ್ಟುತ್ತವೆ. ಮುಂಬಯಿಯ ಚಾಳುಗಳಲ್ಲಿ ದಿನ ಕಳೆದ ಹಿರಿಯರಿಗೆ ಈ ಮಾತನ್ನು ವಿವರಿಸಬೇಕಾಗಿಲ್ಲ. ಕೀಟಶಾಸ್ತ್ರದಲ್ಲಿ ತಿಗಣೆ ಎಂಬುದು ಬಹಳ ದೊಡ್ಡ ಕುಲವೃಕ್ಷದ ಹೆಸರು. ಮುಂದಿನ ರೆಕ್ಕೆಯ ಅರ್ಧ ಭಾಗ ತೊಗಲಿನಂತೆ ಗಡಸಾಗಿಯೂ ಉಳಿದರ್ಧ ಪೊರೆಯಂತೆ ತೆಳುವಾಗಿಯೂ ಇರುವ, ಅಗಿಯುವ ದವಡೆಯ ಬದಲು ಚುಚ್ಚಿ ಹೀರುವ ಸೂಜಿಮೂತಿಯುಳ್ಳ ಕೀಟಗಳೆಲ್ಲ ಈ ಬಳಗಕ್ಕೆ ಸೇರುತ್ತವೆ. ಇವುಗಳಲ್ಲಿ ಬಹುಪಾಲು ಸಸ್ಯಗಳ ರಸವನ್ನೋ ಬೀಜವನ್ನೋ ಅವಲಂಬಿಸಿ ಬಾಳುತ್ತವೆ. ಕೆಲವು ಇತರ ಕೀಟಗಳನ್ನು ಬೇಟೆಯಾಡುತ್ತವೆ. ಮನುಷ್ಯನ ರಕ್ತಕ್ಕೆ ಬಿದ್ದವು ಕೆಲವೇ ಕೆಲವು. ನಮ್ಮ ಆವರಣದ ಅತಿಥಿ ಬೀಜಾಹಾರಿ. ಅದು ರಕ್ತ ಹೀರುವುದಿಲ್ಲ, ಮನೆಯೊಳಗೆ ಮೊಟ್ಟೆಯಿಟ್ಟು ಸಂಸಾರ ಹೂಡುವುದಿಲ್ಲ, ಮನುಷ್ಯನಿಗೆ ಯಾವ ರೋಗವನ್ನೂ ತಂದು ಅಂಟಿಸುವುದಿಲ್ಲ. ಅಡುಗೆಮನೆಗೆ ಬಂದದ್ದು ದಾರಿ ತಪ್ಪಿ ಬಂದದ್ದು. ಅಲ್ಲಿ ಅದಕ್ಕೆ ಬೇಕಾದದ್ದೇನೂ ಸಿಗುವುದಿಲ್ಲ. ಬೆಂಡೆಕಾಯಿ ಹೆಚ್ಚಿಟ್ಟಿದ್ದರೆ ಮಾತು ಬೇರೆ.

ವೈಜ್ಞಾನಿಕವಾಗಿ ಇದರ ಹೆಸರು ಡಿಸ್ಡರ್ಕಸ್ ಕೊನಿಗಿ. ಡೆನ್ಮಾರ್ಕಿನ ಕೀಟಶಾಸ್ತ್ರಜ್ಞ ಯೋಹಾನ್ ಕ್ರಿಸ್ಟಿಯನ್ ಫ್ಯಾಬ್ರಿಸಿಯಸ್ 1775ರಲ್ಲಿ ಇದನ್ನು ಮೊದಲ ಬಾರಿಗೆ ವಿವರಿಸಿದನು. ಹೆಸರಿನಲ್ಲಿರುವ ಕೊನಿಗ್ ಎಂಬಾತ ಯೋಹಾನ್ ಗೆರ್ಹಾರ್ಡ್ ಕೋನಿಗ್. ಫ್ಯಾಬ್ರಿಸಿಯಸನಂತೆ ಈತನೂ ಲಿನೇಯಸನ ಶಿಷ್ಯ. 1768ರಲ್ಲಿ ತಮಿಳುನಾಡಿನ ತೀರದ ತರಂಗಂಬಾಡಿಯಲ್ಲಿದ್ದ ಡೇನರ ನೆಲೆಗೆ ವೈದ್ಯನಾಗಿ ಬಂದು, ದಕ್ಷಿಣ ಭಾರತದ ಗಿಡಮರಗಳನ್ನೂ ಕೀಟಗಳನ್ನೂ ಸಂಗ್ರಹಿಸುತ್ತ, 1785ರಲ್ಲಿ ಈ ದೇಶದಲ್ಲಿಯೇ ತೀರಿಕೊಂಡನು. ಅವನ ಗೌರವಾರ್ಥ ಇಟ್ಟ ಹೆಸರು ಇಂದಿಗೂ ನಮ್ಮ ಬೂರುಗದ ಬುಡದಲ್ಲಿ ಓಡಾಡುತ್ತಿದೆ. ಅದೇ ವರ್ಷ ಅದೇ ವಿದ್ವಾಂಸ ಇದಕ್ಕೆ ತೀರ ಹತ್ತಿರದ ಇನ್ನೊಂದು ಪ್ರಭೇದವನ್ನೂ, ಡಿಸ್ಡರ್ಕಸ್ ಸಿಂಗ್ಯುಲೇಟಸ್ ಎಂಬುದನ್ನು, ವಿವರಿಸಿದನು. ಎರಡನ್ನೂ ಬರಿಗಣ್ಣಿನಿಂದ ಬೇರ್ಪಡಿಸುವುದು ನುರಿತವರಿಗೂ ಕಷ್ಟ. ನಮ್ಮ ಇಂದಿನ ಕೆಲಸಕ್ಕೆ ಆ ಸೂಕ್ಷ್ಮ ಬೇಕಾಗಿಲ್ಲ.

ನೋಡಲು ಇದು ಸುಂದರ ಕೀಟ. ಉದ್ದ ಒಂದೂವರೆ ಸೆಂಟಿಮೀಟರಿನ ಆಸುಪಾಸು. ಹೆಣ್ಣು ಗಂಡಿಗಿಂತ ಸ್ವಲ್ಪ ದೊಡ್ಡದು. ಬೆನ್ನು ಸಿಂಧೂರದ ಕೆಂಪು. ತಲೆಯ ಹಿಂದೆ ಕೊರಳಪಟ್ಟಿಯಂತೆ ಒಂದು ಬಿಳಿ ಗೆರೆ. ಮುಂದಿನ ಎರಡು ರೆಕ್ಕೆಗಳ ಮೇಲೂ ಒಂದೊಂದು ಕಪ್ಪು ಬೊಟ್ಟು, ರೆಕ್ಕೆಯ ತುದಿ ಪೂರ್ತಿ ಕಪ್ಪು. ಹೊಟ್ಟೆಯ ಕೆಳಭಾಗದಲ್ಲಿ ಕೆಂಪು ಬಿಳಿ ಪಟ್ಟಿಗಳು ಒಂದಾದ ಮೇಲೊಂದು, ಇಳಕಲ್ ಸೀರೆಯ ಅಂಚನ್ನು ನೆನಪಿಸುವಂತೆ. ಈ ಬಣ್ಣಗಳ ಮೂಲವೂ ಕುತೂಹಲಕರವಾಗಿದೆ. ಕೆಂಪು ಬರುವುದು ಟೆರಿನ್ ಎಂಬ ವರ್ಗದ ವರ್ಣದ್ರವ್ಯದಿಂದ. ಬಿಳಿಯ ಪಟ್ಟಿ ಯೂರಿಕ್ ಆಮ್ಲದ್ದು. ಅಂದರೆ, ನಮ್ಮಲ್ಲಿ ಹೆಚ್ಚಾದರೆ ಕೀಲುನೋವು ತರುವ ಅದೇ ತ್ಯಾಜ್ಯವಸ್ತುವನ್ನು ಈ ಕೀಟ ಚರ್ಮದಡಿಯಲ್ಲಿ ಶೇಖರಿಸಿ ಅಲಂಕಾರ ಮಾಡಿಕೊಂಡಿದೆ.

ಬೂರುಗ ಜನವರಿಯಿಂದ ಮಾರ್ಚಿಯವರೆಗೆ ಎಲೆಯುದುರಿಸಿ ಹೂಬಿಡುತ್ತದೆ. ಆಗ ಯೇವೂರಿನ ಗುಡ್ಡದ ಕಡೆಯಿಂದ ಬರುವ ಮೈನಾ, ಸೂರಕ್ಕಿ, ಕಾಜಾಣಗಳ ಗದ್ದಲವನ್ನು ತಾವೆಲ್ಲ ಬೆಳಿಗ್ಗೆ ಕೇಳಿದ್ದೀರಿ. ಆ ಗದ್ದಲದ ಬಗ್ಗೆ ಯಾರೂ ದೂರು ಕೊಟ್ಟಿಲ್ಲ. ಏಪ್ರಿಲ್ ಮೇ ತಿಂಗಳಲ್ಲಿ ಕಾಯಿ ಬಲಿತು ಬಿರಿಯುತ್ತದೆ. ಅರಳೆ ಗಾಳಿಗೆ ಹಾರುತ್ತದೆ, ಬೀಜ ನೆಲಕ್ಕೆ ಬೀಳುತ್ತದೆ. ಆ ಬೀಜವೇ ಕೆಂಪು ತಿಗಣೆಯ ಆಹಾರ. ಹತ್ತಿ, ಬೆಂಡೆ, ದಾಸವಾಳ, ಖಾಡಿಯ ದಂಡೆಯಲ್ಲಿ ಬೆಳೆಯುವ ಹೂವರಸಿ, ಪಾಳುಜಾಗಗಳಲ್ಲಿ ತಾನೇ ಹುಟ್ಟುವ ಶ್ರೀಮುದ್ರೆ, ಇವೆಲ್ಲ ಬೂರುಗದ ನೆಂಟರು. ಈ ಮನೆತನದ ಬೀಜಗಳನ್ನು ಹುಡುಕಿಕೊಂಡು ಅದು ವರ್ಷವಿಡೀ ಅಲೆಯುತ್ತದೆ. ಸೂಜಿಮೂತಿಯನ್ನು ಬೀಜದೊಳಕ್ಕೆ ಚುಚ್ಚಿ, ಜೊಲ್ಲನ್ನು ಒಳಗೆ ಬಿಟ್ಟು, ಕರಗಿದ ತಿರುಳನ್ನು ಹೀರುತ್ತದೆ. ಬೀಜವೊಂದನ್ನು ಮೂತಿಯ ತುದಿಗೆ ಸಿಕ್ಕಿಸಿಕೊಂಡು ಹೊತ್ತೊಯ್ಯುವ ಹುಳುವನ್ನು ಮಕ್ಕಳು ನೋಡಿಯೇ ಇರುತ್ತಾರೆ.

ಮಕ್ಕಳು ಇನ್ನೊಂದನ್ನೂ ನೋಡಿದ್ದಾರೆ. ಹಿಂಭಾಗಕ್ಕೆ ಹಿಂಭಾಗ ಅಂಟಿಕೊಂಡ ಎರಡು ಹುಳುಗಳು ಒಂದು ಮುಂದಕ್ಕೂ ಒಂದು ಹಿಂದಕ್ಕೂ ನಡೆಯುವುದನ್ನು ನೋಡಿ ರೈಲುಗಾಡಿ ಎಂದು ಕೂಗುತ್ತಾರೆ. ಅದು ಗಂಡು ಹೆಣ್ಣುಗಳ ಜೋಡಿ. ಒಮ್ಮೆ ಕೂಡಿದರೆ ಒಂದೆರಡು ದಿನಗಳವರೆಗೂ ಬಿಡದೆ ಹಾಗೆಯೇ ಇರುತ್ತವೆ. ದೊಡ್ಡದಾದ ಹೆಣ್ಣು ಎತ್ತ ಎಳೆದರೆ ಗಂಡು ಅತ್ತ ಹಿಂದುಹಿಂದಾಗಿ ನಡೆಯಬೇಕು. ಇತರ ಗಂಡುಗಳಿಗೆ ಅವಕಾಶವಾಗದಂತೆ ಕಾಯುವ ಉಪಾಯ ಇದು ಎಂದು ವಿದ್ವಾಂಸರು ಅರ್ಥೈಸುತ್ತಾರೆ. ಹೊಟ್ಟೆ ತುಂಬ ಉಂಡು ಜೋಡಿಯಾದ ಮೇಲೆ ಈ ಕುಲದ ಹೆಣ್ಣುಗಳಲ್ಲಿ ಒಂದು ವಿಚಿತ್ರ ನಡೆಯುತ್ತದೆ. ಹಾರಾಟದ ಸ್ನಾಯುಗಳು ಕರಗಿಹೋಗುತ್ತವೆ. ಆ ಪೌಷ್ಟಿಕಾಂಶ ಮೊಟ್ಟೆಗಳಿಗೆ ಸಲ್ಲುತ್ತದೆ. ಊಟ ಸಿಕ್ಕ ಊರಿನಲ್ಲಿ ನೆಲೆನಿಂತ ಮೇಲೆ ಹಾರುವ ಅಗತ್ಯವಾದರೂ ಏನು? ಮುಂಬಯಿಗೆ ಬಂದು ಊರಿಗೆ ಮರಳದ ನಮ್ಮಂಥವರ ಕತೆಯೂ ಹೆಚ್ಚುಕಡಿಮೆ ಅದೇ.

ತೇವವಿರುವ ಮಣ್ಣಿನ ಬಿರುಕಿನಲ್ಲಿ, ಉದುರೆಲೆಗಳ ಅಡಿಯಲ್ಲಿ ಹೆಣ್ಣು ಹಳದಿ ಮೊಟ್ಟೆಗಳನ್ನು ರಾಶಿಯಾಗಿ ಇಡುತ್ತದೆ. ಸುಮಾರು ಒಂದು ವಾರದಲ್ಲಿ ಅವು ಒಡೆಯುತ್ತವೆ. ಚಿಟ್ಟೆಗೆ ಇರುವಂತೆ ಇಲ್ಲಿ ಕಂಬಳಿಹುಳುವೂ ಇಲ್ಲ, ಕೋಶವೂ ಇಲ್ಲ. ಹೊರಬರುವುದು ರೆಕ್ಕೆಯಿಲ್ಲದ ಪುಟ್ಟ ತಿಗಣೆಯೇ. ಕೃಷಿ ಇಲಾಖೆಯ ಪುಸ್ತಿಕೆಗಳಲ್ಲಿ ಈ ಮರಿಗಳನ್ನು ಅಪ್ಸರೆ ಹುಳು ಎಂದು ಕರೆಯುವ ರೂಢಿಯಿದೆ. ಯಾವ ಪುಣ್ಯಾತ್ಮ ಅನುವಾದಿಸಿದನೋ, ಹೆಸರಂತೂ ನಿಂತುಬಿಟ್ಟಿದೆ. ಮೊದಲ ಹಂತದ ಮರಿಗಳು ಬೀಜದ ಗೋಜಿಗೆ ಹೋಗದೆ ತೇವವನ್ನಷ್ಟೇ ಹೀರುತ್ತ ಒಟ್ಟಿಗೆ ಗುಂಪುಗೂಡಿರುತ್ತವೆ. ಐದು ಬಾರಿ ಪೊರೆ ಕಳಚಿ, ಒಂದರಿಂದ ಒಂದೂವರೆ ತಿಂಗಳಿನಲ್ಲಿ, ಬಿಸಿಲಿನ ಕಾವನ್ನು ಅನುಸರಿಸಿ, ಅವು ಪ್ರಾಯಕ್ಕೆ ಬರುತ್ತವೆ. ಪೊರೆ ಕಳಚಿದ ಗಳಿಗೆಯಲ್ಲಿ ಮೈ ಮೆತ್ತಗಿರುವ ಹುಳುವನ್ನು ಅದರ ಒಡಹುಟ್ಟಿದವೇ ಚುಚ್ಚಿ ಹೀರುವುದೂ ಉಂಟು.

ಇಷ್ಟು ಕೆಂಪಗೆ, ಇಷ್ಟು ಬಹಿರಂಗವಾಗಿ, ಇಷ್ಟು ಸಂಖ್ಯೆಯಲ್ಲಿ ಓಡಾಡುವ ಹುಳುವನ್ನು ಹಕ್ಕಿಗಳು ಏಕೆ ಮುಗಿಸಿಬಿಡುವುದಿಲ್ಲ? ಕೆಂಪು ಇಲ್ಲಿ ಅಪಾಯದ ಫಲಕ. ದೇಹದಲ್ಲಿರುವ ಗಂಧಗ್ರಂಥಿಗಳಿಂದ ಇದು ಕೆಟ್ಟ ವಾಸನೆಯ ದ್ರವವನ್ನು ಒಸರಿಸುತ್ತದೆ. ಒಮ್ಮೆ ರುಚಿ ನೋಡಿದ ಹಕ್ಕಿ ಆ ಬಣ್ಣವನ್ನು ಮರೆಯುವುದಿಲ್ಲ. ಗುಂಪಾಗಿದ್ದಷ್ಟೂ ಫಲಕ ದೊಡ್ಡದಾಗಿ ಕಾಣುತ್ತದೆ; ಗುಂಪುಗೂಡುವುದರ ಒಂದು ಪ್ರಯೋಜನ ಇದೇ ಆಗಿದೆ.

ಆದರೆ ಇದಕ್ಕೂ ಒಬ್ಬ ಯಮನಿದ್ದಾನೆ, ಅವನೂ ಕೆಂಪು ವೇಷದವನೇ. ಆಂಟಿಲೋಕಸ್ ಕೊಕ್ವೆಬರ್ಟಿ ಎಂಬ ಇನ್ನೊಂದು ತಿಗಣೆ ಇದೇ ಕುಟುಂಬಕ್ಕೆ ಸೇರಿದ್ದು, ಬೀಜವನ್ನು ಬಿಟ್ಟು ನೆಂಟರನ್ನೇ ತಿನ್ನುವುದಕ್ಕೆ ತೊಡಗಿದೆ. ಮೈ ಸ್ವಲ್ಪ ದೊಡ್ಡದು, ಕಾಲುಗಳು ಕಪ್ಪು. ಕೊರಳಿನ ಬಿಳಿಪಟ್ಟಿ ಇಲ್ಲ, ಬೆನ್ನಿನ ಬೊಟ್ಟುಗಳೂ ಇಲ್ಲ. ಕೆಂಪು ತಿಗಣೆಗಳ ಸಂತೆಯ ನಡುವೆ ಅದು ಸದ್ದಿಲ್ಲದೆ ನಡೆದು ಬಂದು, ಒಂದನ್ನು ಹಿಡಿದು, ಮೂತಿ ಚುಚ್ಚಿ, ಹೀರಿ ಎಸೆಯುತ್ತದೆ. ಹೋದ ವಾರ ನಮ್ಮ ಮರದ ಬುಡದಲ್ಲಿ ಅರ್ಧ ಗಂಟೆ ಕುಳಿತು ನಾನು ಇಂಥ ನಾಲ್ಕನ್ನು ಎಣಿಸಿದೆ. ಕೀಟನಾಶಕ ಸಿಂಪಡಿಸುವವನಿಗೆ ಈ ವ್ಯತ್ಯಾಸ ತಿಳಿಯದು. ಕೀಟನಾಶಕಕ್ಕಂತೂ ತಿಳಿಯುವ ಸಂಭವವೇ ಇಲ್ಲ.

ಇನ್ನು ಆಪಾದನೆಯ ವಿಚಾರ. ಈ ಹುಳು ನಿರಪರಾಧಿ ಎಂದು ನಾನು ಹೇಳಲಾರೆ. ಹಾವೇರಿಯ ಕಡೆಯ ಕಪ್ಪುಮಣ್ಣಿನ ಹಳ್ಳಿಯಲ್ಲಿ ಹುಟ್ಟಿದವನು ನಾನು. ಹತ್ತಿ ಒಡೆಯುವ ಕಾಲಕ್ಕೆ ಹೊಲದಲ್ಲಿ ಕೆಂಪು ತಿಗಣೆ ತುಂಬಿದರೆ ನಮ್ಮ ತಂದೆಯವರ ಮುಖ ಬಾಡುತ್ತಿತ್ತು. ಸೀಮೆಎಣ್ಣೆ ಬೆರೆಸಿದ ನೀರಿನ ಡಬ್ಬಿ ಹಿಡಿದು ಗಿಡಗಿಡಕ್ಕೆ ಹೋಗಿ, ಕಾಯಿಯನ್ನು ಬಡಿದು ಹುಳು ಬೀಳಿಸುವುದು ಮಕ್ಕಳ ಕೆಲಸವಾಗಿತ್ತು. ತಿಗಣೆ ಬಲಿಯುತ್ತಿರುವ ಕಾಯನ್ನು ಚುಚ್ಚಿದಾಗ ಮೂತಿಯ ಜೊತೆಗೆ ಒಂದು ಶಿಲೀಂಧ್ರವೂ ಒಳಸೇರುತ್ತದೆ. ಅರಳೆ ಹಳದಿ ಕಂದು ಕಲೆಗಳಿಂದ ಕೆಡುತ್ತದೆ. ಹತ್ತಿ ಹಿಂಜುವಾಗ ಹುಳುಗಳೇ ಜಜ್ಜಿಹೋಗಿ ಇನ್ನಷ್ಟು ಕಲೆ ಮಾಡುತ್ತವೆ. ಬೀಜದ ಎಣ್ಣೆ ಕಡಿಮೆಯಾಗುತ್ತದೆ, ಮೊಳೆಯುವ ಶಕ್ತಿ ಕುಂದುತ್ತದೆ. ಕಲೆಯಾದ ಅರಳೆಗೆ ಪೇಟೆಯಲ್ಲಿ ಬೆಲೆ ಎಷ್ಟು ಇಳಿಯುತ್ತಿತ್ತೆಂಬುದನ್ನು ಹುಬ್ಬಳ್ಳಿಯ ದಲಾಲರೂ ಮುಂಬಯಿಯ ಗಿರಣಿಯವರೂ ಬಲ್ಲರು. ನಮ್ಮವರಿಗೆ ಚಿರಪರಿಚಿತವಾದ ಮಾಟುಂಗಾದಲ್ಲಿ, 1924ರಲ್ಲಿ ಸ್ಥಾಪನೆಯಾದ ಹತ್ತಿಯ ತಂತ್ರಜ್ಞಾನ ಪ್ರಯೋಗಾಲಯವಿದೆ. ಅರಳೆಯ ಎಳೆಯ ಗುಣವನ್ನು ಅಳೆಯುವ ಕೆಲಸ ಅಲ್ಲಿ ಒಂದು ಶತಮಾನದಿಂದ ನಡೆದಿದೆ.

ಕಲೆ ಮಾಡುವ ಆ ಶಿಲೀಂಧ್ರಕ್ಕೂ ಒಂದು ಕತೆಯಿದೆ. ಅದು ತನ್ನ ದೇಹದಲ್ಲಿ ಬಿ2 ಜೀವಸತ್ತ್ವವನ್ನು ಅಗತ್ಯಕ್ಕಿಂತ ಎಷ್ಟೋ ಪಾಲು ಹೆಚ್ಚಾಗಿ ತಯಾರಿಸುತ್ತದೆ. ಅದರ ಹಳದಿ ಬಣ್ಣಕ್ಕೆ ಕಾರಣವೂ ಇದೇ. ಜಗತ್ತಿನ ಕಾರ್ಖಾನೆಗಳಲ್ಲಿ ಬಿ2 ಜೀವಸತ್ತ್ವವನ್ನು ಉತ್ಪಾದಿಸಲು ಇಂದು ಬಳಸುವ ಸೂಕ್ಷ್ಮಜೀವಿಗಳಲ್ಲಿ ಇದೂ ಒಂದು. ಬಾಯಿಹುಣ್ಣಿಗೆ ವೈದ್ಯರು ಬರೆದುಕೊಡುವ ಹಳದಿ ಮಾತ್ರೆಯ ಒಂದು ಬೇರು, ನಮ್ಮ ತಂದೆಯವರ ಮುಖ ಬಾಡಿಸಿದ ಆ ಕಲೆಯಲ್ಲಿದೆ. ತಿಗಣೆಯಾದರೋ ತನಗೆ ಬೇಕಾದ ಬಿ ಜೀವಸತ್ತ್ವಗಳಿಗೆ ಬೇರೆಯವರನ್ನು ನೆಚ್ಚಿದೆ. ಅದರ ಕರುಳಿನಲ್ಲಿ ವಾಸಿಸುವ ಬ್ಯಾಕ್ಟೀರಿಯಾಗಳು ಅವನ್ನು ಒದಗಿಸುತ್ತವೆ. ತಾಯಿ ಮೊಟ್ಟೆಗಳ ಮೇಲೆ ಈ ಬ್ಯಾಕ್ಟೀರಿಯಾಗಳನ್ನು ಸವರಿ ಹೋಗುತ್ತದೆ, ಮರಿಗಳು ಅವನ್ನು ಹೀರಿಕೊಳ್ಳುತ್ತವೆ. ಈ ಕುಲದ ಇನ್ನೊಂದು ಪ್ರಭೇದದ ಮೇಲೆ ನಡೆಸಿದ ಪ್ರಯೋಗಗಳಲ್ಲಿ, ಮೊಟ್ಟೆಯ ಮೇಲ್ಮೈಯನ್ನು ಶುದ್ಧಗೊಳಿಸಿ ಬ್ಯಾಕ್ಟೀರಿಯಾ ಸಿಗದಂತೆ ಮಾಡಿದ ಮರಿಗಳು ಸೊರಗಿದವು.

ಈ ತಿಗಣೆಯ ಬಂಧುವೊಂದು ವಿಜ್ಞಾನಕ್ಕೆ ಮಾಡಿದ ಉಪಕಾರವನ್ನು ತರಗತಿಯಲ್ಲಿ ಹೇಳುವಾಗ ನಾನು ಯಾವಾಗಲೂ ಗಂಟೆ ಮೀರಿಸುತ್ತಿದ್ದೆ, ಇಲ್ಲಿ ಸಂಕ್ಷೇಪಿಸುತ್ತೇನೆ. ಯೂರೋಪಿನಲ್ಲಿ ಇದೇ ಕುಟುಂಬದ ಬೆಂಕಿತಿಗಣೆ ಎಂಬುದುಂಟು. 1891ರಲ್ಲಿ ಹರ್ಮನ್ ಹೆಂಕಿಂಗ್ ಎಂಬ ಜರ್ಮನ್ ವಿಜ್ಞಾನಿ ಅದರ ವೀರ್ಯಕೋಶಗಳನ್ನು ಸೂಕ್ಷ್ಮದರ್ಶಕದಲ್ಲಿ ನೋಡುತ್ತಿದ್ದಾಗ ಒಂದು ಕಾಯ ಜೋಡಿಯಿಲ್ಲದೆ ಉಳಿದದ್ದನ್ನು ಕಂಡನು. ಏನೆಂದು ತಿಳಿಯದೆ ಅದಕ್ಕೆ ಎಕ್ಸ್ ಎಂದು ಗುರುತಿಟ್ಟನು. ಹುಟ್ಟುವ ಕೂಸು ಗಂಡೋ ಹೆಣ್ಣೋ ಎಂಬುದಕ್ಕೆ ಸಂಬಂಧಿಸಿ ಈಗ ನಾವೆಲ್ಲ ಹೇಳುವ ಎಕ್ಸ್ ವರ್ಣತಂತುವಿನ ಹೆಸರು ಬಂದದ್ದು ಅಲ್ಲಿಂದ. ಹೆಣ್ಣು ಹೆತ್ತಳೆಂದು ಸೊಸೆಯನ್ನು ಜರೆಯುವ ಅತ್ತೆಯರು ಈ ತಿಗಣೆಯ ಬಳಿ ಒಮ್ಮೆ ವಿಚಾರಿಸಬಹುದಾಗಿತ್ತು.

ಎರಡನೆಯ ಘಟನೆ 1960ರ ದಶಕದ ಮಧ್ಯಭಾಗದ್ದು. ಕಾರೆಲ್ ಸ್ಲಾಮಾ ಎಂಬ ವಿಜ್ಞಾನಿ ಪ್ರಾಗ್ ನಗರದಿಂದ ಅಮೆರಿಕದ ಹಾರ್ವರ್ಡ್ ವಿಶ್ವವಿದ್ಯಾಲಯಕ್ಕೆ, ಕ್ಯಾರಲ್ ವಿಲಿಯಮ್ಸ್ ಎಂಬವರ ಪ್ರಯೋಗಾಲಯಕ್ಕೆ, ಬೆಂಕಿತಿಗಣೆಗಳನ್ನು ಒಯ್ದರು. ಪ್ರಾಗಿನಲ್ಲಿ ಚೆನ್ನಾಗಿ ಬೆಳೆಯುತ್ತಿದ್ದ ಮರಿಗಳು ಅಲ್ಲಿ ಪ್ರಾಯಕ್ಕೇ ಬರಲಿಲ್ಲ. ಐದನೆಯ ಪೊರೆಯ ನಂತರ ರೆಕ್ಕೆ ಮೂಡುವ ಬದಲು ಇನ್ನೂ ದೊಡ್ಡ ಮರಿಗಳಾಗಿ, ಕೊನೆಗೆ ಸಾಯುತ್ತಿದ್ದವು. ನೀರು, ಬೀಜ, ಬೆಳಕು ಎಲ್ಲವನ್ನೂ ಶೋಧಿಸಿದ ಮೇಲೆ ಅಪರಾಧಿ ಸಿಕ್ಕಿದ್ದು ಗಾಜಿನ ತಟ್ಟೆಯಲ್ಲಿ ಹಾಸಿದ್ದ ಕಾಗದದಲ್ಲಿ! ಅಮೆರಿಕದ ಪತ್ರಿಕೆಗಳ ಕಾಗದ ಹಾಸಿದರೂ ಅದೇ ಫಲ. ಲಂಡನ್ನಿನ ಟೈಮ್ಸ್ ಪತ್ರಿಕೆಯ ಮೇಲೆ ಬೆಳೆಸಿದಾಗ ಮರಿಗಳು ಸುಸೂತ್ರವಾಗಿ ದೊಡ್ಡವಾದವು. ಅಮೆರಿಕದ ಕಾಗದಕ್ಕೆ ಬಳಸುವ ಒಂದು ಜಾತಿಯ ಫರ್ ಮರದಲ್ಲಿ, ಕೀಟಗಳನ್ನು ಬಾಲ್ಯದಲ್ಲಿಯೇ ತಡೆಹಿಡಿಯುವ ಹಾರ್ಮೋನನ್ನು ಹೋಲುವ ವಸ್ತುವಿತ್ತು. 1966ರಲ್ಲಿ ಅದರ ರಾಸಾಯನಿಕ ರಚನೆಯೂ ತಿಳಿಯಿತು. ಅದೇ ವರ್ಷ ಭಾರತೀಯ ವಿಜ್ಞಾನಿ ಕೆ. ಎನ್. ಸಕ್ಸೇನಾ ಅವರು ವಿಲಿಯಮ್ಸ್ ಅವರೊಡನೆ ಸೇರಿ, ನಮ್ಮ ಕೆಂಪು ತಿಗಣೆಯ ಮೇಲೂ ಈ ಕಾಗದದ ವಸ್ತು ಅದೇ ಪರಿಣಾಮ ಮಾಡುತ್ತದೆಂದು ಪ್ರಕಟಿಸಿದರು. ಗುರಿಯಿಟ್ಟ ಕೀಟಕ್ಕೆ ಮಾತ್ರ ತಾಗುವ, ಮಿಕ್ಕವರಿಗೆ ಹಾನಿ ಮಾಡದ ಔಷಧ ಸಾಧ್ಯವೆಂಬ ಆಸೆ ಆಗ ಬಲವಾಗಿ ಚಿಗುರಿತು.

ಆ ಆಸೆ ಚಿಗುರಿದ ಕಾಲದಲ್ಲಿಯೇ ನಮ್ಮ ನಾಡಿನ ಇನ್ನೊಂದು ಮೂಲೆಯಲ್ಲಿ ಏನು ನಡೆಯಿತೆಂಬುದನ್ನು ಹೇಳದೆ ಈ ಮಾತನ್ನು ಮುಂದುವರಿಸಲಾರೆ. ಕಾಸರಗೋಡು ಜಿಲ್ಲೆಯಿಂದ ಬಂದವರು ಈ ಸಭೆಯಲ್ಲಿಯೂ ಇದ್ದಾರೆ. ಅಲ್ಲಿಯ ಗೇರು ತೋಟಗಳಲ್ಲಿ ಇನ್ನೊಂದು ಸಸ್ಯತಿಗಣೆ ಇದೆ. ರೈತರು ಅದನ್ನು ಟೀ ಸೊಳ್ಳೆ ಎನ್ನುತ್ತಾರೆ. ಅದು ಸೊಳ್ಳೆಯಲ್ಲ, ಹೆಲೋಪೆಲ್ಟಿಸ್ ಆಂಟೋನಿ ಎಂಬ ತಿಗಣೆ. ಕೆಂಪು ಎದೆ, ಕಪ್ಪು ತಲೆ, ನೀಳವಾದ ಮೀಸೆಗಳು, ಬೆನ್ನಿನ ಮೇಲೆ ಗುಂಡುಸೂಜಿಯನ್ನು ನೆಟ್ಟಂತೆ ನಿಂತ ಒಂದು ಮುಳ್ಳು. ಚಿಗುರನ್ನೂ ಹೂಗೊಂಚಲನ್ನೂ ಎಳೆ ಬೀಜವನ್ನೂ ಅದು ಚುಚ್ಚಿದರೆ ಗೊಂಚಲು ಸುಟ್ಟಂತೆ ಒಣಗುತ್ತದೆ. ನಷ್ಟ ಸಣ್ಣದಲ್ಲ. ಇದನ್ನು ಅಡಗಿಸಲೆಂದು ಕೇರಳ ಸರಕಾರದ ಪ್ಲಾಂಟೇಶನ್ ನಿಗಮದ ತೋಟಗಳ ಮೇಲೆ, 4,500 ಹೆಕ್ಟೇರಿಗೂ ಹೆಚ್ಚಿನ ಪ್ರದೇಶದಲ್ಲಿ, 1970ರ ದಶಕದ ಕೊನೆಯಿಂದ 2000ನೆಯ ಇಸವಿಯವರೆಗೆ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಸಿಂಪಡಿಸಲಾಯಿತು. ತೋಟಗಳಿದ್ದದ್ದು ಗುಡ್ಡದ ನೆತ್ತಿಯಲ್ಲಿ. ಜನ ಇದ್ದದ್ದು ಕೆಳಗಿನ ಕಣಿವೆಗಳಲ್ಲಿ. ಅವರು ಕುಡಿಯುವ ನೀರು ಆ ಗುಡ್ಡಗಳಿಂದಲೇ ಹರಿದು ಬರುತ್ತಿತ್ತು.

ಎಣ್ಮಕಜೆ ಪಂಚಾಯತಿಯ ಪಡ್ರೆ, ಸ್ವರ್ಗ ಮೊದಲಾದ ಕನ್ನಡ, ತುಳು ಮಾತಾಡುವ ಊರುಗಳಲ್ಲಿ ಅಂಗವೈಕಲ್ಯ, ಬುದ್ಧಿಮಾಂದ್ಯ, ಅಪಸ್ಮಾರಗಳಿಂದ ಬಳಲುವ ಮಕ್ಕಳು ಮನೆಮನೆಯಲ್ಲಿ ಕಂಡುಬಂದರು. ಆ ಊರಿನ ವೈದ್ಯರಾದ ಡಾ. ವೈ. ಎಸ್. ಮೋಹನ ಕುಮಾರ್ ಅವರೂ ಕೃಷಿ ಪತ್ರಕರ್ತರಾದ ಶ್ರೀ ಪಡ್ರೆ ಅವರೂ ಇದನ್ನು ಲೋಕದ ಗಮನಕ್ಕೆ ತಂದರು. ಅಹಮದಾಬಾದಿನ ರಾಷ್ಟ್ರೀಯ ಔದ್ಯೋಗಿಕ ಆರೋಗ್ಯ ಸಂಸ್ಥೆ ಪಡ್ರೆಯ ಶಾಲಾ ಬಾಲಕರನ್ನು ಪರೀಕ್ಷಿಸಿ, ಬೇರೆಡೆಯ ಮಕ್ಕಳಿಗಿಂತ ಅವರ ರಕ್ತದಲ್ಲಿ ಎಂಡೋಸಲ್ಫಾನ್ ಹೆಚ್ಚಾಗಿರುವುದನ್ನೂ ಅವರು ಪ್ರಾಯಕ್ಕೆ ಬರುವುದು ತಡವಾಗುತ್ತಿರುವುದನ್ನೂ 2003ರಲ್ಲಿ ಪ್ರಕಟಿಸಿತು. ಈ ವಾಕ್ಯವನ್ನು ಮೊದಲ ಬಾರಿ ಓದಿದಾಗ ನನಗೆ ಹಾರ್ವರ್ಡಿನ ಗಾಜಿನ ತಟ್ಟೆಗಳು ನೆನಪಾದವು. ತಿಗಣೆಯ ಬಾಲ್ಯವನ್ನು ತಡೆಹಿಡಿಯಲು ವಿಜ್ಞಾನಿಗಳು ಜಾಣತನದ ದಾರಿ ಹುಡುಕುತ್ತಿದ್ದರೆ, ಇಲ್ಲಿ ತಿಗಣೆಗೆಂದು ಸುರಿದದ್ದು ಮನುಷ್ಯರ ಮಕ್ಕಳಿಗೆ ತಾಗಿತ್ತು. 2011ರ ಏಪ್ರಿಲಿನಲ್ಲಿ ಸ್ಟಾಕ್‌ಹೋಮ್ ಒಡಂಬಡಿಕೆಯ ರಾಷ್ಟ್ರಗಳು ಎಂಡೋಸಲ್ಫಾನನ್ನು ನಿಷೇಧದ ಪಟ್ಟಿಗೆ ಸೇರಿಸಿದವು. ಮೇ 13ರಂದು ನಮ್ಮ ಸರ್ವೋಚ್ಚ ನ್ಯಾಯಾಲಯ ದೇಶದಲ್ಲಿ ಅದರ ಉತ್ಪಾದನೆ, ಮಾರಾಟ, ಬಳಕೆಗಳನ್ನು ತಡೆಯಿತು. 2017ರ ಜನವರಿಯಲ್ಲಿ, 5,000ಕ್ಕೂ ಹೆಚ್ಚು ಸಂತ್ರಸ್ತರಿಗೆ ತಲಾ 5 ಲಕ್ಷ ರೂಪಾಯಿ ನೀಡುವಂತೆ ಕೇರಳ ಸರಕಾರಕ್ಕೆ ಆಜ್ಞಾಪಿಸಿತು. ಆ ಟೀ ಸೊಳ್ಳೆಯನ್ನು ಹಿಡಿದು ತಿನ್ನುವ, ಎಲೆ ಹೊಲಿದು ಗೂಡು ಕಟ್ಟುವ ಚಗಳಿ ಇರುವೆ ಅದೇ ಗೇರುಮರಗಳಲ್ಲಿ ಮೊದಲಿನಿಂದಲೂ ಇತ್ತು. ಕೀಟನಾಶಕ ಅದನ್ನೂ ಕೊಲ್ಲುತ್ತದೆ.

ನಮ್ಮ ಆವರಣದಲ್ಲಿ ಸಿಂಪಡಿಸುವುದು ಎಂಡೋಸಲ್ಫಾನ್ ಅಲ್ಲ, ಪ್ರಮಾಣವೂ ಹೆಲಿಕಾಪ್ಟರಿನದಲ್ಲ ಎಂದು ತಾವು ಹೇಳಬಹುದು. ನಿಜ. ಎರಡನ್ನೂ ಒಂದೇ ತಕ್ಕಡಿಯಲ್ಲಿ ತೂಗುವುದು ನನ್ನ ಉದ್ದೇಶವಲ್ಲ. ಆದರೆ ಒಂದು ತಪ್ಪೊಪ್ಪಿಗೆ ನನ್ನ ಕಡೆಯಿಂದಲೂ ಬಾಕಿಯಿದೆ. ಹಲವು ವರ್ಷಗಳ ಹಿಂದೆ, ಬೇರೊಂದು ಬಡಾವಣೆಯಲ್ಲಿದ್ದಾಗ, ದಾಸವಾಳದ ಬೇಲಿಗೆ ಇದೇ ಕೆಂಪು ತಿಗಣೆ ಹತ್ತಿದೆಯೆಂದು ನೆರೆಯವರು ನನ್ನನ್ನು ಕೇಳಿದರು. ಪ್ರಾಣಿಶಾಸ್ತ್ರದವನೆಂಬ ಹೆಮ್ಮೆಯಿಂದ ನಾನೇ ಔಷಧದ ಹೆಸರು ಬರೆದುಕೊಟ್ಟೆ. ತಿಗಣೆ ಸತ್ತವು. ಮರುದಿನ ಬೇಲಿಯ ಕೆಳಗೆ ಜೇನ್ನೊಣಗಳೂ ಬಿದ್ದಿದ್ದವು. ಬೇಲಿಯೊಳಗೆ ಗೂಡು ಕಟ್ಟಿದ್ದ ಸಿಂಪಿಗ ಹಕ್ಕಿಯ ಮರಿಗಳ ಸದ್ದು ನಿಂತಿತ್ತು. ಎರಡು ತಿಂಗಳಲ್ಲಿ ತಿಗಣೆ ಮರಳಿ ಬಂದವು. ಸಿಂಪಿಗ ಆ ವರ್ಷ ಬರಲಿಲ್ಲ. ನಮ್ಮ ಈ ಆವರಣದಲ್ಲಿ ಮರದ ಬುಡದಿಂದ ಹನ್ನೆರಡು ಹೆಜ್ಜೆಗೆ ಮಕ್ಕಳ ಜಾರುಬಂಡಿ ಇದೆ, ಇಪ್ಪತ್ತು ಹೆಜ್ಜೆಗೆ ನೆಲದಡಿಯ ನೀರಿನ ತೊಟ್ಟಿಯ ಮುಚ್ಚಳ. ನಿನ್ನೆ ಸಂಜೆ ನಾನೇ ಅಳೆದು ನೋಡಿದೆ.

ಮಾಡಬೇಕಾದದ್ದು ಬಹಳವೇನೂ ಇಲ್ಲ. ಈ ಹುಳು ಬಂದಿರುವುದು ಬೀಜಕ್ಕಾಗಿ. ಬಿದ್ದ ಕಾಯಿ, ಬೀಜ, ಅರಳೆಗಳನ್ನು ದಿನಕ್ಕೊಮ್ಮೆ ಗುಡಿಸಿ ತೆಗೆದರೆ ಊಟ ನಿಲ್ಲುತ್ತದೆ. ತಗ್ಗಿನ ಕೊಂಬೆಗಳ ಕಾಯಿಗಳನ್ನು ಬಿರಿಯುವುದಕ್ಕೆ ಮುಂಚೆಯೇ ಕೊಕ್ಕೆಯಿಂದ ಇಳಿಸಬಹುದು. ಗುಂಪುಗಳನ್ನು ಪೊರಕೆಯಿಂದ ಮೊರಕ್ಕೆ ತಳ್ಳಿ ಸಾಬೂನು ನೀರಿನ ಬಕೆಟ್ಟಿಗೆ ಸುರಿದರೆ ಸಾಕು. ಹತ್ತಿಬೀಜವನ್ನು ಒಂದು ಮೂಲೆಯಲ್ಲಿ ರಾಶಿಯಿಟ್ಟರೆ ಅವು ತಾವಾಗಿಯೇ ಅಲ್ಲಿ ಸೇರುತ್ತವೆ, ಹಿಡಿಯುವುದು ಇನ್ನೂ ಸುಲಭ. ಇದು ನಮ್ಮ ರೈತರ ಹಳೆಯ ಉಪಾಯ. ಗೋಡೆಯ ಮೇಲೆ ಜಜ್ಜಬೇಡಿ, ಕಲೆ ಹೋಗುವುದಿಲ್ಲ. ಕೆಳಗಿನ ಮೂರು ಮಹಡಿಗಳ ಕಿಟಕಿಗೆ ಜಾಲರಿ ಹಾಕಿಸುವ ಖರ್ಚು ಸಿಂಪಡಣೆಯ ಖರ್ಚಿಗಿಂತ ಹೆಚ್ಚು ಎಂಬುದನ್ನು ಒಪ್ಪುತ್ತೇನೆ. ಆದರೆ ಅದೇ ಜಾಲರಿ ಸೊಳ್ಳೆಯನ್ನೂ ತಡೆಯುತ್ತದೆ, ಪ್ರತಿ ವರ್ಷ ಮತ್ತೆ ತೆರಬೇಕಾಗಿಲ್ಲ. ಬೀಜ ಮುಗಿದು ಜೂನಿನ ಮಳೆ ಬಿದ್ದೊಡನೆ ಈ ಸಂತೆ ತಾನಾಗಿಯೇ ಚದುರುತ್ತದೆ.

ಮರದ ವಿಷಯ. 1975ರ ಮಹಾರಾಷ್ಟ್ರ ನಗರಪ್ರದೇಶಗಳ ವೃಕ್ಷ ಸಂರಕ್ಷಣಾ ಕಾಯಿದೆಯಂತೆ, ಖಾಸಗಿ ಆವರಣದ ಮರವನ್ನು ಕಡಿಯುವುದಕ್ಕೂ ಮಹಾನಗರಪಾಲಿಕೆಯ ವೃಕ್ಷ ಪ್ರಾಧಿಕಾರದ ಲಿಖಿತ ಅನುಮತಿ ಬೇಕು. 2021ರ ತಿದ್ದುಪಡಿಯ ನಂತರ, 50 ವರ್ಷ ದಾಟಿದ ಮರಗಳು ಪಾರಂಪರಿಕ ವೃಕ್ಷಗಳೆಂದು ಪರಿಗಣಿತವಾಗುತ್ತವೆ. ನಮ್ಮ ಬೂರುಗದ ವಯಸ್ಸನ್ನು ಮಾಜಿವಾಡಾ ಗಾವಠಾಣದ ಹಿರಿಯರೊಬ್ಬರನ್ನು ಕೇಳಿದೆ. ತಾವು ಶಾಲೆಗೆ ಹೋಗುವಾಗ ಅದರ ಕೆಳಗೆ ಬತ್ತದ ಗದ್ದೆಯ ಬದುವಿತ್ತು, ಮರ ಆಗಲೂ ದೊಡ್ಡದೇ ಇತ್ತು ಎಂದು ಅವರು ಹೇಳಿದರು. ಅವರಿಗೆ ಈಗ ಎಪ್ಪತ್ತೆಂಟು.

ಭಾನುವಾರ ತಾವು ಯಾವ ನಿರ್ಣಯವನ್ನಾದರೂ ಕೈಗೊಳ್ಳಿ, ಅದು ತಮ್ಮ ಅಧಿಕಾರ. ಅದಕ್ಕೆ ಮುನ್ನ ಶನಿವಾರ ಬೆಳಿಗ್ಗೆ ಏಳು ಗಂಟೆಗೆ ನಾನು ಮರದ ಬಳಿ ಇರುತ್ತೇನೆ. ನನ್ನಲ್ಲಿ ಎರಡು ಭೂತಗನ್ನಡಿಗಳಿವೆ. ಮಕ್ಕಳನ್ನು ಕಳುಹಿಸಿಕೊಡಿ. ಕೊರಳಿನಲ್ಲಿ ಬಿಳಿಪಟ್ಟಿ ಇಲ್ಲದ ಕೆಂಪು ಹುಳುವನ್ನು ಯಾರು ಮೊದಲು ಹುಡುಕಿ ತೋರಿಸುತ್ತಾರೋ ನೋಡೋಣ.